ನೀಲಾ ಯಾವಾಗ ತಾಯಿಯಾದಳು?

ನಮ್ಮ ಮನೆಯಲ್ಲಿ ಟೀವಿಯ ರಿಮೋಟು ನನ್ನ ಕೈಗೆ ಸಿಗುವುದು ಮಧ್ಯಾಹ್ನ ಎರಡರಿಂದ ನಾಲ್ಕರ ತನಕ ಮಾತ್ರ. ಆ ಹೊತ್ತಿನಲ್ಲಿ ಮನೆಯವರಿಗೆ ನಿದ್ದೆ, ಮೊಮ್ಮಕ್ಕಳಿಗೆ ಸ್ಕೂಲು, ಸೊಸೆಗೆ ಆಫೀಸು. ನನಗೆ ಹಳೆಯ ಸಿನಿಮಾ. ಹೋದ ಮಳೆಗಾಲದಲ್ಲಿ ಒಂದು ದಿನ ಹೀಗೇ ಹರಿವೆ ಸೊಪ್ಪು ಸೋಸುತ್ತಾ ಕುಳಿತಿದ್ದೆ. 'ಬೇಡರ ಕಣ್ಣಪ್ಪ' ಶುರುವಾಯಿತು. ಸೊಪ್ಪನ್ನು ಅಲ್ಲೇ ಬಿಟ್ಟು ಸೊರಬಕ್ಕೆ ಫೋನು ಹಚ್ಚಿದೆ.

"ಚಿಕ್ಕಮ್ಮಾ, ಬೇಗ ಟೀವಿ ಹಾಕು. ನಿನ್ನ ನೀಲಾ ಬಂದಿದ್ದಾಳೆ."

"ಇಲ್ಲಿ ಬೆಳಗ್ಗೆಯಿಂದ ಕರೆಂಟಿಲ್ಲ ಮಾರಾಯ್ತಿ. ನೀನೇ ನೋಡಿ ಹೇಳು. ಚೆನ್ನಾಗಿದ್ದಾಳಾ?"

ಎಪ್ಪತ್ತು ದಾಟಿದ ನನ್ನ ಚಿಕ್ಕಮ್ಮ ಹಾಗೆ ಕೇಳಿದ್ದು ಪಂಢರಿಬಾಯಿ ಅವರನ್ನು. ಅವರು ತೀರಿಹೋಗಿ ಇಪ್ಪತ್ತು ವರ್ಷಕ್ಕೂ ಮೇಲಾಗಿದೆ. ಆದರೆ ನಮ್ಮಿಬ್ಬರ ನಡುವೆ ಅವರು ನಮ್ಮ ಮನೆಯ ಹೆಣ್ಣುಮಗಳೇ. ಅದು ಹೇಗೆಂದು ಹೇಳಬೇಕಾದರೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

ನನ್ನ ಅಜ್ಜನ ಮನೆ ಸೊರಬ. ಊರಿನ ಗುಡಿಗಾರರು ಗಂಧದ ಮರ ಕೆತ್ತುವುದನ್ನು, ಬೆಂಡಿನಲ್ಲಿ ಬಾಸಿಂಗ ಕಟ್ಟುವುದನ್ನು ನೋಡುತ್ತಾ ಬೆಳೆದವರು ನಾವು. ಮಳೆ ಮುಗಿದು ಗದ್ದೆ ಕೊಯ್ಲಾದ ಮೇಲೆ ಊರಿಗೆ ಟೂರಿಂಗ್ ಟಾಕೀಸು ಬರುತ್ತಿತ್ತು. ಸಂಜೆ 'ನಮೋ ವೆಂಕಟೇಶ' ಹಾಡು ಕೇಳಿಸಿತೆಂದರೆ ಒಲೆಯ ಮೇಲಿನ ಅನ್ನಕ್ಕೂ ಅವಸರ. 1968ರಲ್ಲಿ ನನಗೆ ಹತ್ತು ವರ್ಷ, ಅಮ್ಮನ ಕೊನೆಯ ತಂಗಿಯಾದ ಚಿಕ್ಕಮ್ಮನಿಗೆ ಹದಿನೆಂಟು. ಮರುವರ್ಷ ಅವಳ ಮದುವೆ ಎಂದು ಹಿರಿಯರೆಲ್ಲ ಮಾತಾಡಿಕೊಂಡಾಗಿತ್ತು. ಅದಕ್ಕೋ ಏನೋ, ಆ ವರ್ಷ ಅಜ್ಜ ಸಿನಿಮಾಕ್ಕೆ ಅಡ್ಡಿ ಹೇಳಲಿಲ್ಲ. ಟೆಂಟಿನ ನೆಲದ ಮೇಲೆ ಕಂಬಳಿ ಹಾಸಿಕೊಂಡು ನಾವಿಬ್ಬರೂ 'ಬೇಡರ ಕಣ್ಣಪ್ಪ' ನೋಡಿದೆವು. ಆಗಲೇ ಅದು ಹದಿನಾಲ್ಕು ವರ್ಷ ಹಳೆಯ ಚಿತ್ರ. ರೀಲು ನಾಲ್ಕು ಸಲ ಕಿತ್ತುಹೋಯಿತು. ದಿಣ್ಣ ಕಣ್ಣು ಕಿತ್ತು ಶಿವನಿಗೆ ಕೊಡುವಾಗ ನಾನು ಅತ್ತೆ. ಚಿಕ್ಕಮ್ಮ ಅಳಲಿಲ್ಲ. ಅವಳ ಕಣ್ಣೆಲ್ಲ ದಿಣ್ಣನ ಹೆಂಡತಿ ನೀಲಾಳ ಮೇಲೇ. ಮನೆಗೆ ಬಂದ ಮೇಲೂ ಕನ್ನಡಿಯ ಮುಂದೆ ನೀಲಾಳ ಹಾಗೆ ತಲೆ ಓರೆ ಮಾಡಿ ನಿಂತಿದ್ದಳು.

"ಅವಳು ನಮ್ಮ ಭಟ್ಕಳದ ಕಡೆಯವಳಂತೆ ಕಣೇ," ಎಂದಳು. ಸಾಗರ, ಕಾರ್ಗಲ್ಲು ದಾಟಿ ಕೋಗಾರು ಘಾಟಿ ಇಳಿದರೆ ಭಟ್ಕಳ. ಘಾಟಿಯ ಕೆಳಗಿನವರಾದರೂ ನಮ್ಮವರೇ ಎಂಬ ಹೆಮ್ಮೆ ಅವಳಿಗೆ.

ಮರುವರ್ಷ ಚಿಕ್ಕಮ್ಮ ಗುಡಿಗಾರರ ಬಾಸಿಂಗ ಕಟ್ಟಿಕೊಂಡು ಹೋದಳು. ವರ್ಷ ಕಳೆಯುವುದರೊಳಗೆ ಬರಿಹಣೆಯಲ್ಲಿ ಹಿಂತಿರುಗಿದಳು. ಜ್ವರ ಬಂದದ್ದೇ ನೆಪವಾಗಿ ಚಿಕ್ಕಪ್ಪ ಹೋಗಿಬಿಟ್ಟಿದ್ದ. ಆಗ ಅವಳಿಗೆ ಇಪ್ಪತ್ತು. ಅಂದಿನಿಂದ ಅವಳು ಮನೆಯ ಬಾಣಂತನಗಳಿಗೆ, ಹಪ್ಪಳ ಸಂಡಿಗೆಗೆ, ಯಾರದೋ ಮಕ್ಕಳ ಕೆಮ್ಮಿಗೆ ನೆಗಡಿಗೆ ಸಲ್ಲುವ ಚಿಕ್ಕಮ್ಮನಾದಳು. ನಾನೇನು, ನನಗಿಂತ ದೊಡ್ಡವರೂ ಅವಳನ್ನು ಚಿಕ್ಕಮ್ಮ ಎಂದೇ ಕರೆದರು. ಟೆಂಟು ಪ್ರತಿ ವರ್ಷವೂ ಬರುತ್ತಿತ್ತು. 'ನಮೋ ವೆಂಕಟೇಶ' ಕೇಳಿಸಿದಾಗ ಅವಳು ಎದ್ದು ಹಿತ್ತಿಲಿಗೆ ಹೋಗುತ್ತಿದ್ದಳು. ಹೋಗಬೇಡ ಎಂದು ಯಾರೂ ಹೇಳಿರಲಿಲ್ಲ. ಬಾ ಎಂದೂ ಯಾರೂ ಕರೆಯಲಿಲ್ಲ.

ನನ್ನನ್ನು ಶಿಕಾರಿಪುರಕ್ಕೆ ಕೊಟ್ಟರು. 1986ರಲ್ಲಿ ನನ್ನ ಎರಡನೆಯ ಬಾಣಂತನಕ್ಕೆಂದು ಬಂದ ಚಿಕ್ಕಮ್ಮನನ್ನು ನಾನು ಹಟ ಹಿಡಿದು ಸಿನಿಮಾಕ್ಕೆ ಕರೆದುಕೊಂಡು ಹೋದೆ. ಊರಿಗೆ 'ಅನುರಾಗ ಅರಳಿತು' ಬಂದಿತ್ತು. ಎಚ್.ಜಿ. ರಾಧಾದೇವಿಯವರ ಕಾದಂಬರಿಯನ್ನು ಓದಿದ್ದವಳಿಗೆ ಸುಮ್ಮನೆ ಕೂರಲಾಗುತ್ತದೆಯೆ? ಚಿತ್ರದಲ್ಲಿ ಕಾಯಿಲೆಯ ತಾಯಿಯನ್ನು ಮಗುವಿನ ಹಾಗೆ ನೋಡಿಕೊಳ್ಳುವ ಮಗ ರಾಜ್‌ಕುಮಾರ್. ಆ ತಾಯಿ ಪರದೆಯ ಮೇಲೆ ಬಂದದ್ದೇ ತಡ, ಕತ್ತಲಲ್ಲಿ ಚಿಕ್ಕಮ್ಮ ನನ್ನ ಮೊಣಕೈ ಹಿಡಿದಳು.

"ಏ, ಇವಳು ನೀಲಾ ಅಲ್ಲವೇನೇ?"

"ಹೌದು, ಪಂಢರಿಬಾಯಿ."

"ಅವನ ಹೆಂಡತಿ ಅಲ್ಲವಾ?"

"ಷ್! ಈಗ ತಾಯಿ."

ದಾರಿಯುದ್ದಕ್ಕೂ ಅವಳು ಮಾತಾಡಲಿಲ್ಲ. ಮನೆಯ ಮೆಟ್ಟಿಲು ಹತ್ತುವಾಗ ಅಂದಳು: "ಅವನು ಇನ್ನೂ ಮದುವೆ ಆಗುತ್ತಲೇ ಇದ್ದಾನೆ. ಇವಳು ಯಾವಾಗ ತಾಯಿಯಾದಳು? ನಾನು ಸಿನಿಮಾ ನೋಡದೆ ಹದಿನೇಳು ವರ್ಷ ಆಯಿತು ಅಷ್ಟೇ ಅಲ್ಲವಾ?"

ನಾನು ಬಿದ್ದು ಬಿದ್ದು ನಕ್ಕೆ. ಮನೆಯವರಿಗೆ ಹೇಳಿ ನಗಿಸಿದೆ. ಅಕ್ಕಪಕ್ಕದವರಿಗೂ ಹೇಳಿದೆ. ಚಿಕ್ಕಮ್ಮನೂ ನಕ್ಕಳು, ಮಗುವಿಗೆ ಎಣ್ಣೆ ತಿಕ್ಕುತ್ತಾ. ಆಗ ಅವಳಿಗೆ ಮೂವತ್ತಾರು. ಮೂವತ್ತಾರು ಎಂದರೆ ಏನು ವಯಸ್ಸು ಎನ್ನುವುದು ನಾನೇ ಮೂವತ್ತಾರು ಮುಟ್ಟುವ ತನಕ ನನಗೆ ಗೊತ್ತಾಗಲಿಲ್ಲ.

ಈಗ ಲೆಕ್ಕ ಹಾಕಿದರೆ ಚಿಕ್ಕಮ್ಮನ ಪ್ರಶ್ನೆ ನಗುವಂಥದ್ದಲ್ಲ. ಎಚ್.ಎಲ್.ಎನ್. ಸಿಂಹ ಅವರ 'ಬೇಡರ ಕಣ್ಣಪ್ಪ' ತೆರೆಗೆ ಬಂದದ್ದು 1954ರಲ್ಲಿ. ಮುತ್ತುರಾಜ್ ಎಂಬ ನಾಟಕದ ಹುಡುಗ ರಾಜ್‌ಕುಮಾರ್ ಆಗಿ, ನಾಯಕನಾಗಿ ನಿಂತ ಮೊದಲ ಚಿತ್ರ ಅದು. ಪಂಢರಿಬಾಯಿ ಅಷ್ಟರಲ್ಲೇ ಹಳಬರು. ಹರಿಕಥೆ ಮಾಡುತ್ತಿದ್ದ ಹುಡುಗಿ 1943ರಲ್ಲೇ 'ವಾಣಿ' ಚಿತ್ರಕ್ಕೆ ಬಂದಿದ್ದರು. 1953ರ 'ಗುಣಸಾಗರಿ'ಯಿಂದ ಮನೆಮಾತಾಗಿದ್ದರು. ತಮಿಳಿನಲ್ಲಿ ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ 'ಪರಾಶಕ್ತಿ' 1952ರಲ್ಲಿ ಬಂದಾಗ ಅದರ ನಾಯಕಿಯೂ ಇವರೇ. ಎರಡು ಭಾಷೆಯ ಇಬ್ಬರು ಮಹಾನಟರು ನಾಯಕರಾಗಿ ಮೊದಲ ಹೆಜ್ಜೆ ಇಟ್ಟಾಗ ಪಕ್ಕದಲ್ಲಿದ್ದವರು ಘಾಟಿಯ ಕೆಳಗಿನ ಈ ಹೆಣ್ಣುಮಗಳು! ಸ್ವಂತ ಚಿತ್ರಗಳನ್ನೂ ತೆಗೆದರು. 1957ರ 'ರಾಯರ ಸೊಸೆ' ಅವರದೇ ನಿರ್ಮಾಣ. ಹೆಂಗಸು ಸಿನಿಮಾ ನೋಡಲು ಹೋಗುವುದಕ್ಕೇ ಮನೆಯಲ್ಲಿ ನಾಲ್ಕು ಜನರ ಅಪ್ಪಣೆ ಬೇಕಿದ್ದ ಕಾಲ ಅದು.

ರಾಜ್‌ಕುಮಾರ್ ಹುಟ್ಟಿದ್ದು 1929ರಲ್ಲಿ. ಅವರಿಗೂ ಪಂಢರಿಬಾಯಿಯವರಿಗೂ ವಯಸ್ಸಿನಲ್ಲಿ ಹೇಳಿಕೊಳ್ಳುವಂಥ ಅಂತರವಿರಲಿಲ್ಲ. ಎಂ.ಜಿ.ಆರ್. ಅಂತೂ 1917ರಲ್ಲಿ ಹುಟ್ಟಿದವರು, ಇವರಿಗಿಂತ ಹತ್ತು ವರ್ಷಕ್ಕೂ ದೊಡ್ಡವರು. ಆದರೂ 1968ರ 'ಕುಡಿಯಿರುಂದ ಕೋಯಿಲ್' ಚಿತ್ರದಲ್ಲಿ ಎಂ.ಜಿ.ಆರ್.ಗೆ ಇವರು ತಾಯಿ. ನೋಡಿ, ನಾನೂ ಚಿಕ್ಕಮ್ಮನೂ ಟೆಂಟಿನಲ್ಲಿ ಕಂಬಳಿಯ ಮೇಲೆ ಕೂತು ನೀಲಾಳನ್ನು ನೋಡುತ್ತಿದ್ದ ಅದೇ ವರ್ಷ ಮದರಾಸಿನಲ್ಲಿ ನೀಲಾ ಆಗಲೇ ತಲೆಗೆ ಬಿಳಿ ಬಳಿದುಕೊಂಡು ತನಗಿಂತ ಹಿರಿಯ ಮಗನಿಗಾಗಿ ಅಳುತ್ತಿದ್ದರು. ನಮಗೆ ಗೊತ್ತಿರಲಿಲ್ಲ, ಅಷ್ಟೇ.

ಇದು ಅವರೊಬ್ಬರ ಕಥೆಯೂ ಅಲ್ಲ. ನಮ್ಮ ಲೀಲಾವತಿ 1974ರ 'ಭಕ್ತ ಕುಂಬಾರ'ದಲ್ಲಿ ರಾಜ್‌ಕುಮಾರರ ಹೆಂಡತಿ. 1976ರ 'ನಾ ನಿನ್ನ ಮರೆಯಲಾರೆ'ಯಲ್ಲಿ ಅವರ ತಾಯಿ. ನಡುವೆ ಎರಡೇ ವರ್ಷ! ಇದಕ್ಕೆ ಯಾವ ನಟನನ್ನೂ ದೂರಿ ಪ್ರಯೋಜನವಿಲ್ಲ. ಗಂಡಸಿಗೆ ವಯಸ್ಸು ಹುಟ್ಟಿದ ದಿನದಿಂದ ಲೆಕ್ಕ. ಹೆಣ್ಣಿಗೆ ಅವಳ ಪಕ್ಕದಲ್ಲಿ ಯಾರನ್ನು ನಿಲ್ಲಿಸುತ್ತಾರೆ ಎನ್ನುವುದರಿಂದ ಲೆಕ್ಕ. ಸಿನಿಮಾದವರು ಇದನ್ನು ಎಲ್ಲಿಂದ ಕಲಿತರು? ನಮ್ಮ ಮನೆಗಳಿಂದಲೇ ತಾನೆ?

ಬೇರೆಯವರ ಮನೆಯ ಮಾತೇಕೆ, ನನ್ನದೇ ಹೇಳುತ್ತೇನೆ. 1991ರಲ್ಲಿ ನಮ್ಮ ಬೀದಿಯ ಹೆಂಗಸರೆಲ್ಲ ಸೇರಿ ಅಕ್ಕಮಹಾದೇವಿಯ ನಾಟಕ ಆಡಿದೆವು. ಉಡುತಡಿ ನಮ್ಮ ಶಿಕಾರಿಪುರ ತಾಲ್ಲೂಕಿನದೇ. ಹಾಗಾಗಿ ಇಲ್ಲಿ ಎಲ್ಲ ಹೆಂಗಸರಿಗೂ ತಾನೇ ಅಕ್ಕ ಆಗಬೇಕೆಂಬ ಆಸೆ. ಜಗಳವಾಗಿ, ರಾಜಿಯಾಗಿ, ಕೊನೆಗೆ ಪಾತ್ರ ನನಗೆ ಬಂತು. ಅಕ್ಕನ ತಾಯಿ ಸುಮತಿಯ ಪಾತ್ರವನ್ನು ಮಾತ್ರ ಒಬ್ಬರೂ ಒಪ್ಪಲಿಲ್ಲ. "ಇಷ್ಟು ಬೇಗ ತಲೆಗೆ ಹಿಟ್ಟು ಬಳಿದುಕೊಳ್ಳೋಕೆ ನಮಗೇನಾಗಿದೆ?" ಎಂದರು. ಆಗ ಮಕ್ಕಳ ರಜೆಗೆಂದು ಬಂದಿದ್ದ ಚಿಕ್ಕಮ್ಮನ ನೆನಪು ನನಗಾಯಿತು. ಅವಳಿಗೆ ನಲವತ್ತೊಂದು, ನನಗೆ ಮೂವತ್ಮೂರು. "ನೀನೇ ನನ್ನ ತಾಯಿ ಆಗು," ಎಂದೆ. ಅವಳು ಒಂದು ಗಳಿಗೆ ನನ್ನ ಮುಖ ನೋಡಿ, "ಆಗಲಿ, ಅದು ನನಗೆ ರೂಢಿ," ಎಂದಳು.

ನಾಟಕದ ದಿನ ಅಕ್ಕ ಮನೆ ಬಿಟ್ಟು ಹೊರಡುವ ದೃಶ್ಯ. ನಾನು ನನ್ನ ಮಾತೆಲ್ಲ ಹೇಳಿ, ವಚನ ಹಾಡಿ, ಒಳಗೆ ಬಂದೆ. ಸುಮತಿಗೆ ಅಲ್ಲಿ ಮಾತಿರಲಿಲ್ಲ. ಪರದೆ ಬೀಳಬೇಕಿತ್ತು. ಹಗ್ಗ ಎಲ್ಲೋ ಸಿಕ್ಕಿಕೊಂಡು ಬೀಳಲಿಲ್ಲ. ಚಿಕ್ಕಮ್ಮ ಗಾಬರಿಯಾಗಲಿಲ್ಲ. ಗಳದ ಮೇಲೆ ಒಣಗಲು ಹಾಕಿದ್ದ ಮಗಳ ಸೀರೆಯನ್ನು ಇಳಿಸಿ ನಿಧಾನಕ್ಕೆ ಮಡಿಸತೊಡಗಿದಳು. ಒಂದು ಮಡಿಕೆ, ಎರಡು ಮಡಿಕೆ. ಅಂಗೈಯಿಂದ ಸುಕ್ಕು ಬಿಡಿಸಿದಳು. ಇನ್ನು ಉಡುವವಳಿಲ್ಲ ಎಂಬುದು ಆಗ ತಿಳಿದವಳ ಹಾಗೆ ಕೈ ನಿಲ್ಲಿಸಿದಳು. ಮತ್ತೆ ಮಡಿಸಿದಳು. ಮುಂದೆ ಕೂತಿದ್ದ ಹೆಂಗಸರೆಲ್ಲ ಸೆರಗಿನಿಂದ ಮೂಗೊರೆಸಿಕೊಳ್ಳುವ ಸದ್ದು ನನಗೆ ಒಳಗೇ ಕೇಳಿಸಿತು. ನಿಜ ಹೇಳಿಬಿಡುತ್ತೇನೆ. ಆಗ ನನಗಾದದ್ದು ಸಂತೋಷವಲ್ಲ. ನನ್ನ ಹಾಡಿಗೆ ಅಳದವರು ಇವಳು ಸೀರೆ ಮಡಿಸಿದ್ದಕ್ಕೆ ಅಳುತ್ತಾರಲ್ಲ ಎಂಬ ಕಿರಿಕಿರಿ.

ಕೊನೆಯಲ್ಲಿ ಸನ್ಮಾನ. ನನಗೆ ಶಾಲು, ಹಣ್ಣಿನ ಬುಟ್ಟಿ. ಮುಖ್ಯ ಅತಿಥಿಗಳು ಮೈಕಿನಲ್ಲೇ, "ತಾಯಿಯ ಪಾತ್ರ ಮಾಡಿದವರ ಹೆಸರೇನಮ್ಮ?" ಎಂದು ಕೇಳಿದರು. ನಾನು ಮೈಕಿಗೆ ಬಗ್ಗಿ, "ಅವರು ನಮ್ಮ ಚಿಕ್ಕಮ್ಮ," ಎಂದೆ. ಎಲ್ಲರೂ 'ಚಿಕ್ಕಮ್ಮ'ನಿಗೆ ಚಪ್ಪಾಳೆ ತಟ್ಟಿದರು. ಅವಳು ಅಷ್ಟು ಹೊತ್ತಿಗೆ ಹಿಂದುಗಡೆ ಉಪ್ಪಿಟ್ಟಿನ ತಟ್ಟೆ ಹಂಚುತ್ತಿದ್ದಳು. ಹೆಸರು ನನಗೆ ಮರೆತಿರಲಿಲ್ಲ. ಹೇಳಲಿಲ್ಲ.

ಮರುವರ್ಷ 'ಅನುರಾಗ ಅರಳಿತು' ತಮಿಳಿನಲ್ಲಿ 'ಮನ್ನನ್' ಆಯಿತು. ಮಗನಾಗಿ ರಜನಿಕಾಂತ್ ಬಂದರು. ನಾಯಕ ಬದಲಾದ, ನಾಯಕಿ ಬದಲಾದಳು. ತಾಯಿ ಮಾತ್ರ ಅದೇ ಪಂಢರಿಬಾಯಿ. ಇದನ್ನು ಪತ್ರಿಕೆಯಲ್ಲಿ ಓದಿ ಚಿಕ್ಕಮ್ಮನಿಗೆ ಹೇಳಿದೆ. ಅಯ್ಯೋ ಪಾಪ ಎನ್ನುತ್ತಾಳೆಂದುಕೊಂಡಿದ್ದೆ. ಅವಳು ಬೇರೆಯೇ ಮಾತಾಡಿದಳು. "ನೋಡು, ಅವಳನ್ನು ಬಿಟ್ಟು ಅವರಿಗೆ ನಡೆಯಲಿಲ್ಲ. ನಾಯಕಿಯರು ಎಷ್ಟು ಜನ ಬಂದರು, ಎಷ್ಟು ಜನ ಹೋದರು? ಇವಳಿಗೆ ಇನ್ನೂ ಕೆಲಸ ಇದೆ. ದುಡಿದು ತಿನ್ನುತ್ತಿದ್ದಾಳೆ. ಯಾರ ಹಂಗೂ ಇಲ್ಲ." ಆ ಕೊನೆಯ ಮಾತನ್ನು ಹೇಳುವಾಗ ಅವಳು ಅಣ್ಣಂದಿರ ಮನೆಯ ಜಗುಲಿಯ ಮೇಲೆ ಕೂತು ಅಡಿಕೆ ಆರಿಸುತ್ತಿದ್ದಳು.

1994ರಲ್ಲಿ ಪಂಢರಿಬಾಯಿ ಅಪಘಾತದಲ್ಲಿ ಎಡಗೈ ಕಳೆದುಕೊಂಡರು. 2003ರ ಜನವರಿ 29ರಂದು ಚೆನ್ನೈಯಲ್ಲಿ ತೀರಿಕೊಂಡರು. ಆ ಸುದ್ದಿ ಬಂದ ದಿನ ಚಿಕ್ಕಮ್ಮ ತಲೆಗೆ ನೀರು ಹಾಕಿಕೊಂಡಳೆಂದು ಮಾವನ ಮಗ ನಗುತ್ತಾ ಹೇಳಿದ. ನಾನು ನಗಲಿಲ್ಲ. ಅಷ್ಟರಲ್ಲಿ ನನಗೂ ನಲವತ್ತೈದಾಗಿತ್ತು. ಅತ್ತಿಗೆ, ಆಂಟಿ, ಇಂಥವರ ತಾಯಿ ಎಂಬ ಹೆಸರುಗಳೇ ಉಳಿದಿದ್ದವು. ಮನೆಯಲ್ಲಿ ನನ್ನ ಸ್ವಂತ ಹೆಸರು ರೇಷನ್ ಕಾರ್ಡಿನಲ್ಲಿತ್ತು.

ಅವತ್ತು 'ಬೇಡರ ಕಣ್ಣಪ್ಪ' ಮುಗಿದ ಮೇಲೆ ಮತ್ತೆ ಫೋನು ಮಾಡಿದೆ. ಸೊರಬದಲ್ಲಿ ಕರೆಂಟು ಇನ್ನೂ ಬಂದಿರಲಿಲ್ಲ.

"ಚೆನ್ನಾಗಿದ್ದಳಾ?" ಎಂದಳು.

"ತುಂಬಾ ಚೆನ್ನಾಗಿದ್ದಳು. ಚಿಕ್ಕಮ್ಮಾ, ನಾನು ಇದನ್ನೆಲ್ಲ ಬರೆಯಬೇಕು ಅಂತಿದ್ದೇನೆ. ಆ ನಾಟಕದ್ದೂ. ನಿನ್ನ ಹೆಸರು ಹಾಕಿ ಬರೆಯುತ್ತೇನೆ. ಅವತ್ತು ಹೇಳಬೇಕಾಗಿತ್ತು, ಹೇಳಲಿಲ್ಲ."

ಆ ಕಡೆ ಸ್ವಲ್ಪ ಹೊತ್ತು ಮಳೆಯ ಸದ್ದು ಮಾತ್ರ ಕೇಳಿಸಿತು.

"ಬೇಡ ಮಾರಾಯ್ತಿ. ಈ ವಯಸ್ಸಿನಲ್ಲಿ ಪುಸ್ತಕದಲ್ಲಿ ಹೆಸರು ಬಂದು ಏನಾಗಬೇಕು? ಪಂಢರಿಬಾಯಿ ಹೆಸರನ್ನು ಸರಿಯಾಗಿ ಬರಿ."

"ನಿನ್ನದು?"

"ನನ್ನದು... ನೀನು ಒಂದು ಸಲ ಕರೆದುಬಿಡು. ಸಾಕು."

ಹಿರಿಯರನ್ನು ಹೆಸರು ಹಿಡಿದು ಕರೆಯುವುದೇ? ನಾಲಿಗೆ ಹೊರಳಲಿಲ್ಲ. ಒಳಗೆ ಮನೆಯವರು ಎದ್ದರೇನೋ ಎಂದು ಒಮ್ಮೆ ತಿರುಗಿ ನೋಡಿ, ಫೋನನ್ನು ಬಾಯಿಯ ಹತ್ತಿರ ಹಿಡಿದುಕೊಂಡು ಮೆಲ್ಲಗೆ ಕರೆದೆ.

"ಓ," ಎಂದಳು ಚಿಕ್ಕಮ್ಮ.