ಯಾವ ಊರಿಗೆ?

ಮುಂಬಯಿಯಲ್ಲಿ ಕನ್ನಡಿಗರಿಬ್ಬರು ಭೇಟಿಯಾದರೆ ಮೊದಲ ಪ್ರಶ್ನೆ, 'ನಿಮ್ಮ ಊರು ಯಾವುದು?' ಎರಡನೆಯದು, 'ಇಲ್ಲಿ ಮನೆ ಎಲ್ಲಿ?' ಊರು ಒಂದು ಕಡೆ, ಮನೆ ಇನ್ನೊಂದು ಕಡೆ; ಇವೆರಡರ ನಡುವಣ ಓಡಾಟದಲ್ಲೇ ನಮ್ಮ ಪೀಳಿಗೆಯ ಆಯುಷ್ಯ ಸವೆಯಿತು. ಈ ಊರಿನ ಪ್ರಶ್ನೆ ಕೆಲವರಿಗೆ ಬೆದರಿಕೆಯೂ ಆಗಬಲ್ಲದೆಂದು ನನಗೆ ತಿಳಿಸಿಕೊಟ್ಟದ್ದು ಆನಂದ ಪಟವರ್ಧನರ 'ಹಮಾರಾ ಶಹರ್' ಎಂಬ ಸಾಕ್ಷ್ಯಚಿತ್ರ.

1985ರ ಈ ಚಿತ್ರ ಮುಂಬಯಿಯ ಗುಡಿಸಲುವಾಸಿಗಳನ್ನು ಕುರಿತದ್ದು. 1981ರ ಜುಲೈ ತಿಂಗಳ ಮಳೆಗಾಲದಲ್ಲಿ ರಸ್ತೆಬದಿಯ ಗುಡಿಸಲುಗಳನ್ನು ಕೆಡವಿ, ಅಲ್ಲಿದ್ದವರನ್ನು ಬಸ್ಸಿಗೇರಿಸಿ 'ನಿಮ್ಮ ಊರಿಗೆ' ಎಂದು ಸಾಗಿಸಿದ್ದು ಹಿರಿಯ ವಾಚಕರಿಗೆ ನೆನಪಿರಬಹುದು. 1961ರಲ್ಲಿ ಸೇಲಂನಿಂದ ಬಂದಿದ್ದ ಒಬ್ಬನನ್ನು ಹೀಗೆಯೇ ಸೇಲಂಗೆ ಕಳಿಸಿದರು. ಅಲ್ಲಿ ಕೆಲಸವಿಲ್ಲದೆ ಆತ ಮರಳಿ ಬಂದ. ಜೀವನೋಪಾಯದ ಹಕ್ಕು ಬದುಕುವ ಹಕ್ಕಿನಲ್ಲೇ ಸೇರಿದೆಯೆಂದು 1985ರ ಜುಲೈ 10ರಂದು ಸುಪ್ರೀಂ ಕೋರ್ಟು ಹೇಳಿತು. ಆದರೆ ಪಾದಚಾರಿ ಮಾರ್ಗದ ಗುಡಿಸಲುಗಳನ್ನು ತೆರವು ಮಾಡಬಾರದೆಂದು ಹೇಳಲಿಲ್ಲ.

ಚಿತ್ರವನ್ನು ನಾನು ನೋಡಿದ್ದು 1986ರ ಕೊನೆಗೆ, ಒಂದು ಕಾಲೇಜಿನ ಸಭಾಂಗಣದಲ್ಲಿ. ಅದರಲ್ಲಿ ಮನೆ ಕಳೆದುಕೊಂಡವರೇ ಮಾತನಾಡುತ್ತಾರೆ. ಕೆಡವಬೇಕೆನ್ನುವ ಅನುಕೂಲಸ್ಥರ, ಅಧಿಕಾರಿಗಳ ಮಾತೂ ಇದೆ. ಒಂದೆಡೆ ಹೆಂಗಸೊಬ್ಬಳು ಕ್ಯಾಮೆರಾ ಹಿಡಿದವರನ್ನೇ ತರಾಟೆಗೆ ತೆಗೆದುಕೊಳ್ಳುತ್ತಾಳೆ: ಬಡವರ ಚಿತ್ರ ತೆಗೆದು ನೀವು ಹೆಸರು ಮಾಡುತ್ತೀರಿ, ನಮಗೇನು ಬಂತು? ಬೇರೆಯವರಾದರೆ ಆ ತುಣುಕನ್ನು ಕತ್ತರಿಸುತ್ತಿದ್ದರು. ಪಟವರ್ಧನರು ಉಳಿಸಿಕೊಂಡರು. ಹಾಗೆ ಉಳಿಸಿಕೊಂಡದ್ದರಿಂದಲೇ ಚಿತ್ರದಲ್ಲಿ ಅವಳದೂ ಒಂದು ಪಾಲಾಯಿತು ಎಂದು ನನಗೆ ತೋರುತ್ತದೆ. ಅವರು ಕ್ಯಾಮೆರಾ ಮಡಚಿ ಹೊರಟುಹೋಗಲೂ ಇಲ್ಲ. 1986ರಲ್ಲಿ ಕಫ್ ಪರೇಡ್ ಬಳಿಯ ಸಂಜಯ ಗಾಂಧಿ ನಗರವನ್ನು ನೆಲಸಮ ಮಾಡಿದಾಗ ನಿವಾಸಿಗಳೊಡನೆ, ನಟಿ ಶಬಾನಾ ಆಜ್ಮಿಯವರೊಡನೆ ಉಪವಾಸ ಕೂತರು. ಕೊನೆಗೆ ಆ ಜನಕ್ಕೆ ಗೋರೆಗಾಂವಿನಲ್ಲಿ ಬದಲಿ ಜಾಗ ಸಿಕ್ಕಿತು.

ಆ ಹೆಂಗಸು ಬೈಯುತ್ತಿದ್ದಾಗ ನಾನು ಕುರ್ಚಿಯಲ್ಲಿ ಕುಗ್ಗಿಹೋದೆ. ಕಾರಣವಿತ್ತು. ಅದೇ ವರ್ಷ ನಮ್ಮ ಕಟ್ಟಡದ ಗೋಡೆಗೆ ಆತುಕೊಂಡಿದ್ದ ಏಳೆಂಟು ಗುಡಿಸಲುಗಳನ್ನು ತೆಗೆಸಬೇಕೆಂದು ಸೊಸೈಟಿಯವರು ಅರ್ಜಿ ಬರೆದಿದ್ದರು. ಸೊಳ್ಳೆ, ಗಲೀಜು, ಗಲಾಟೆ ಎಂಬ ಕಾರಣಗಳನ್ನು ಓದಿ ನಾನೂ ಸಹಿ ಹಾಕಿದ್ದೆ. ಅವುಗಳಲ್ಲೊಂದು ಗುಡಿಸಲು ನಮ್ಮ ಮನೆಯ ಪಾತ್ರೆ ತೊಳೆಯುತ್ತಿದ್ದ ಹೆಂಗಸಿನದು. ಗುಲ್ಬರ್ಗಾ ಕಡೆಯವಳು. ನನ್ನ ಹೆಂಡತಿಯೊಡನೆ ಬಾಯ್ತುಂಬ ಕನ್ನಡ ಆಡುತ್ತಿದ್ದಳು.

ಗುಡಿಸಲುಗಳು ಹೋದವು. ಎರಡು ವಾರ ಬಿಟ್ಟು ಉಳಿದ ಸಂಬಳಕ್ಕೆಂದು ಅವಳು ಬಂದಳು. 'ಇನ್ನು ಊರಿಗೆ ಹೋಗುತ್ತೀಯೇನಮ್ಮ?' ಎಂದೆ.

'ಯಾವ ಊರಿಗ್ರೀ? ಮಕ್ಕಳು ಹುಟ್ಟಿದ್ದೆಲ್ಲಾ ಇಲ್ಲೇ,' ಎಂದಳು.

ಹಣ ಕೊಟ್ಟೆ. ಸಹಿಯ ವಿಷಯ ಹೇಳಲಿಲ್ಲ. ಎಲ್ಲಿದ್ದೀಯೆಂದೂ ಕೇಳಲಿಲ್ಲ. ಆಮೇಲೆ ಅವಳು ಬರಲೇ ಇಲ್ಲ.

ಇಷ್ಟು ವರ್ಷ ಈ ಪ್ರಸಂಗವನ್ನು ಯಾರೆದುರೂ ಆಡಿರಲಿಲ್ಲ. ತನ್ನನ್ನು ಬೈದ ಮಾತನ್ನು ಪಟವರ್ಧನರು ಚಿತ್ರದಲ್ಲಿ ಉಳಿಸಿಕೊಂಡರು. ನಾನು ಮಾಡಬಹುದಾದದ್ದು ಇಷ್ಟೇ: ಆಕೆ ಕೇಳಿದ್ದನ್ನು ಇಲ್ಲಿ ಬರೆದಿಟ್ಟಿದ್ದೇನೆ.