ಮೂರು ಊರು, ಒಂದು ಬಾಣಲೆ

ಬೀರೂರು ಜಂಕ್ಷನ್ನಿನಲ್ಲಿ ರೈಲು ಹಳಿ ಕವಲೊಡೆಯುತ್ತದೆ. ಒಂದು ಕವಲು ತರೀಕೆರೆಯ ಅಡಿಕೆ ತೋಟಗಳ ಕಡೆ ಹೊರಳಿ ಶಿವಮೊಗ್ಗದ ದಾರಿ ಹಿಡಿದರೆ, ಇನ್ನೊಂದು ಅಜ್ಜಂಪುರದ ಕರಿನೆಲದ ಮೇಲೆ ಹುಬ್ಬಳ್ಳಿಯತ್ತ ಓಡುತ್ತದೆ. ಕವಲಿನಿಂದ ಬೆಂಗಳೂರಿನ ಕಡೆಗೆ ಆರೇಳು ಕಿಲೋಮೀಟರ್ ಬಂದರೆ ಕಡೂರು. ಒಂದೇ ಜಿಲ್ಲೆಯ ಈ ಮೂರು ಊರುಗಳನ್ನು ಒಂದೇ ದಿನದಲ್ಲಿ ಸುತ್ತಿ ಬರಬಹುದು. ಆದರೆ ಮೂರರ ಮಣ್ಣೂ ಬೇರೆ, ನೀರೂ ಬೇರೆ. ಸಂತೆಯ ಬುಟ್ಟಿಯೂ ಅಷ್ಟೇ.

ಈ ಸೀಮೆಗೆ ಸಮುದ್ರ ದೂರ. ನಡುವೆ ಬಾಬಾಬುಡನ್ ಗಿರಿಸಾಲು, ಅದರಾಚೆ ಪಶ್ಚಿಮ ಘಟ್ಟ. ಹೀಗಿರುವಾಗ ಇಲ್ಲಿನ ಅಡುಗೆಮನೆಯಲ್ಲಿ ಸೀಗಡಿ ಬೇಯಿಸುವುದೇ ಒಂದು ವಿಶೇಷ. ಅದನ್ನು ಮೆಕ್ಸಿಕೋ ದೇಶದ ರೀತಿಯಲ್ಲಿ ಬೇಯಿಸುವುದೆಂದರೆ ಹಿರಿಯರು ಹುಬ್ಬೇರಿಸದೆ ಇರಲಾರರು. ಆ ದೇಶದ ಮನೆಮನೆಯಲ್ಲಿ ಮಾಡುವ ಒಂದು ಸರಳ ಅಡುಗೆಗೆ ‘ಕಾಮರೋನೆಸ್ ಆ ಲಾ ಮೆಹಿಕಾನಾ’ ಎಂದು ಹೆಸರು. ಮೆಕ್ಸಿಕೋ ರೀತಿಯ ಸೀಗಡಿ ಎಂದಷ್ಟೇ ಇದರ ಅರ್ಥ. ಹಸಿರು ಮೆಣಸಿನಕಾಯಿ, ಬಿಳಿ ಈರುಳ್ಳಿ, ಕೆಂಪು ಟೊಮೆಟೊ ಸೇರಿದರೆ ಆ ದೇಶದ ಬಾವುಟದ ಮೂರು ಬಣ್ಣವೂ ಬಾಣಲೆಯಲ್ಲಿ ಸೇರಿದಂತೆ. ಹದಿನೈದು ನಿಮಿಷದ ಕೆಲಸ. ಹೆಸರು ಹೊಸದಾದರೂ ಸಾಮಾನುಗಳಲ್ಲಿ ಹೊಸದೇನಿದೆ ಎಂದು ಹುಡುಕಹೊರಟರೆ ಮೂರೂ ಊರುಗಳನ್ನು ಸುತ್ತಬೇಕಾಗುತ್ತದೆ.

ಕಡೂರಿನ ಸಂತೆ

ಒಂದು ಕಾಲಕ್ಕೆ ಇಡೀ ಜಿಲ್ಲೆಗೇ ಕಡೂರು ಎಂಬ ಹೆಸರಿತ್ತು. 1947ರಲ್ಲಿ ಆ ಹೆಸರು ಹೋಗಿ ಚಿಕ್ಕಮಗಳೂರು ಜಿಲ್ಲೆ ಎಂದಾಯಿತು. ಕಾಫಿ, ಮಂಜು, ಮಳೆ ಎಂದು ಜಿಲ್ಲೆಯನ್ನು ಹೊಗಳುವವರು ಕಡೂರನ್ನು ಮರೆತೇ ಹೊಗಳುತ್ತಾರೆ. ಮೋಡಗಳು ಗಿರಿಯ ಆ ಮಗ್ಗುಲಿನಲ್ಲೇ ಹಗುರಾಗಿ, ಈಚೆಗೆ ಬರುವಷ್ಟರಲ್ಲಿ ಹನಿಯಾಗಿರುತ್ತವೆ. ರಾಗಿ, ತೆಂಗು, ಕುರಿಮಂದೆಗಳ ಬಯಲುಸೀಮೆ ಇದು. ಇಲ್ಲಿನವರು ಕಾಲದಿಂದ ನಂಬಿದ್ದು ಕೆರೆಗಳನ್ನು. ಸಖರಾಯಪಟ್ಟಣದ ಬಳಿ ಶಕುನಗಿರಿಯ ಬುಡದಲ್ಲಿರುವ ಅಯ್ಯನಕೆರೆ ಮತ್ತು ಎಮ್ಮೆದೊಡ್ಡಿಯ ಕಡೆಯ ಮದಗದಕೆರೆ ಗಿರಿಯ ನೀರನ್ನು ಹಿಡಿದಿಟ್ಟುಕೊಂಡು ಬಯಲಿಗೆ ಬಿಡುತ್ತವೆ. ಗಿರಿಯಿಂದ ಇಳಿದುಬರುವ ವೇದಾ ಮತ್ತು ಆವತಿ ಹೊಳೆಗಳು ಕೂಡಿ ವೇದಾವತಿಯಾಗುವುದು ಈ ತಾಲ್ಲೂಕಿನಲ್ಲಿಯೇ.

ಕೆರೆ ತುಂಬಿದ ವರ್ಷ ಬಲೆಗೆ ಮೀನಿನ ಜೊತೆ ಬೆರಳ ಗಾತ್ರಕ್ಕೂ ಕಡಿಮೆಯಿರುವ ಸಣ್ಣ ಸೀಗಡಿಯೂ ಬೀಳುತ್ತದೆ. ಕೆರೆ ಒಣಗಿದ ವರ್ಷ ಉಳಿಯುವುದು ಸಂತೆಯ ಒಣಮೀನಿನ ಗೋಣಿಚೀಲ ಮಾತ್ರ. ಕರಾವಳಿಯ ಬಿಸಿಲಿನಲ್ಲಿ ಒಣಗಿದ ಸೀಗಡಿಯನ್ನು ಸೇರಿನಲ್ಲಿ ಅಳೆದು ಮಾರುತ್ತಿದ್ದ ಕಾಲವನ್ನು ಹಳಬರು ಬಲ್ಲರು. ತಲೆ, ಬಾಲ ಮುರಿದು, ಹಂಚಿನ ಮೇಲೆ ಬೆಚ್ಚಗೆ ಹುರಿದು, ತೆಂಗಿನಕಾಯಿ, ಒಣಮೆಣಸಿನಕಾಯಿ, ಹುಣಸೆಹಣ್ಣಿನ ಜೊತೆ ಅರೆದರೆ ಅದೊಂದು ಚಟ್ನಿ. ಬದನೆಕಾಯಿಯ ಜೊತೆ ಬೆಂದರೆ ಗೊಜ್ಜು. ರಾಗಿಮುದ್ದೆಯ ಮಗ್ಗುಲಲ್ಲಿ ಎರಡಕ್ಕೂ ಸಮನಾದದ್ದು ಇನ್ನೊಂದಿಲ್ಲ. ಕರ್ನಾಟಕದ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯುವಂತಿಲ್ಲ. ಆಗಂತೂ ಒಣ ಸೀಗಡಿಯೇ ಗತಿ.

ಮೆಕ್ಸಿಕೋದವರಿಗೂ ಒಣ ಸೀಗಡಿ ಹೊಸತಲ್ಲ. ಈಸ್ಟರಿಗೆ ಮೊದಲು ಮಾಂಸ ಬಿಡುವ ನಲವತ್ತು ದಿನಗಳ ವ್ರತದಲ್ಲಿ ಅವರು ಅದನ್ನು ಪುಡಿ ಮಾಡಿ, ಮೊಟ್ಟೆಯಲ್ಲಿ ಕಲಸಿ ವಡೆ ತಟ್ಟುತ್ತಾರೆ. ಎಳೆಯ ಪಾಪಸುಕಳ್ಳಿಯ ಮುಳ್ಳು ತೆಗೆದು, ಹೆಚ್ಚಿ, ಅದರ ಸಾರಿಗೆ ಹಾಕುವುದೂ ಉಂಟು. ಒಂದು ಕಾಲಕ್ಕೆ ದಕ್ಷಿಣ ಭಾರತದ ಹೊಲದ ಬದುಗಳನ್ನೆಲ್ಲ ಮುತ್ತಿ ರೈತರ ನಿದ್ದೆಗೆಡಿಸಿದ ಪಾಪಸುಕಳ್ಳಿ ಬಂದದ್ದು ಅಮೆರಿಕ ಖಂಡದಿಂದಲೇ.

ಕಡೂರಿನ ಸಂತೆಯ ಉಳಿದ ಬುಟ್ಟಿಗಳನ್ನು ನೋಡಿ. ಮೆಣಸಿನಕಾಯಿ, ಟೊಮೆಟೊ, ಮುಸುಕಿನ ಜೋಳ, ಇವೆಲ್ಲವನ್ನೂ ಬೆಳೆಗೆ ಪಳಗಿಸಿದ ನಾಡು ಮೆಕ್ಸಿಕೋ. ಗಿರಿಯ ಕಾಫಿ ತೋಟಗಳಿಂದ ಇಳಿದುಬರುವ ಬೆಣ್ಣೆಹಣ್ಣು ಅಲ್ಲಿಯದೇ. ಆಯುಧಪೂಜೆಗೂ ದೀಪಾವಳಿಗೂ ರಾಶಿ ಬೀಳುವ ಚೆಂಡುಹೂವು ಕೂಡ ಅಲ್ಲಿಂದ ಬಂದದ್ದು. ನವೆಂಬರ್ ಮೊದಲ ಎರಡು ದಿನ ಮೆಕ್ಸಿಕೋದವರು ತೀರಿಕೊಂಡ ಹಿರಿಯರಿಗೆ ಎಡೆ ಇಡುವಾಗ ಚೆಲ್ಲುವುದು ಇದೇ ಹೂವನ್ನು. ಹದಿನಾರನೆಯ ಶತಮಾನದಲ್ಲಿ ಪೋರ್ಚುಗೀಸರ ಹಡಗಿನಲ್ಲಿ ಬಂದಿಳಿದ ಮೆಣಸಿನಕಾಯಿಗೆ ಕನ್ನಡಿಗರು ಹೊಸ ಹೆಸರನ್ನೂ ಹುಡುಕಲಿಲ್ಲ. ಮನೆಯಲ್ಲಿದ್ದ ಮೆಣಸಿಗೆ ಒಂದು ‘ಕಾಯಿ’ ಸೇರಿಸಿ ಒಳಗೆ ಕರೆದುಕೊಂಡರು. ಬಾಣಲೆಯ ಹಸಿರು, ಕೆಂಪು ಎರಡೂ ಹೀಗೆ ಕಡೂರಿನಲ್ಲೇ ಸಿಕ್ಕವು.

ತರೀಕೆರೆಯ ಮಂಜುಗಡ್ಡೆ ಪೆಟ್ಟಿಗೆ

ತರೀಕೆರೆಯ ಕಡೆ ನಡೆದಂತೆ ನೆಲ ಹಸಿರಾಗುತ್ತದೆ. ಅಡಿಕೆ, ಬಾಳೆ, ಗದ್ದೆ. ಒಂದು ಪಕ್ಕದಲ್ಲಿ ಕೆಮ್ಮಣ್ಣುಗುಂಡಿಯ ಬೆಟ್ಟ, ಇನ್ನೊಂದು ಪಕ್ಕದಲ್ಲಿ ಲಕ್ಕವಳ್ಳಿಯ ಭದ್ರಾ ಅಣೆಕಟ್ಟು. ಜಲಾಶಯದ ನೀರು 186 ಅಡಿ ಮುಟ್ಟಿತೇ ಎಂಬುದು ಮಳೆಗಾಲದಲ್ಲಿ ಈ ಕಡೆಯವರ ದಿನದ ಮಾತು. ರೋಹು, ಕಾಟ್ಲಾ ಮೀನುಗಳಿಗೆ ಇಲ್ಲಿ ಬರವಿಲ್ಲ. ದೊಡ್ಡ ಸೀಗಡಿಯ ಮಾತು ಬೇರೆ. ಸಿಹಿನೀರಿನಲ್ಲಿ ಬೆಳೆಯುವ ನೀಲಿ ಕೊಂಡಿಯ ದೊಡ್ಡ ಸೀಗಡಿಯೂ ಮರಿ ಮಾಡಬೇಕಾದರೆ ನದಿಯ ಬಾಯಿಗೆ ಇಳಿಯಬೇಕು. ಅದರ ಮರಿಗಳು ಉಪ್ಪು ಬೆರೆತ ನೀರಿನಲ್ಲಿ ಮಾತ್ರ ಬದುಕುತ್ತವೆ. ಒಳನಾಡಿನ ಕೆರೆಯಲ್ಲಿ ಅದನ್ನು ಸಾಕುವವರು ಪ್ರತಿ ಸಲವೂ ಮರಿಯನ್ನು ಹೊರಗಿನಿಂದ ತಂದು ಬಿಡಬೇಕು.

ಹಾಗಾಗಿ ಬಾಣಲೆಗೆ ಬೇಕಾದ ಸೀಗಡಿ ಬರುವುದು ಮಂಜುಗಡ್ಡೆಯ ಪೆಟ್ಟಿಗೆಯಲ್ಲಿ. ಮಲ್ಪೆ, ಮಂಗಳೂರಿನಿಂದ ಘಟ್ಟ ಹತ್ತಿ ಬರುವುದು ಒಂದು ದಾರಿ. ಈಗ ಇನ್ನೊಂದು ದಾರಿಯೂ ಆಗಿದೆ. ಆಂಧ್ರದ ಕೊಳಗಳಲ್ಲಿ ಸಾಕಿ, ಸಿಪ್ಪೆ ಸುಲಿದು, ಹೆಪ್ಪುಗಟ್ಟಿಸಿ ಪೊಟ್ಟಣ ಕಟ್ಟಿದ ಸೀಗಡಿ ಸಣ್ಣ ಊರುಗಳ ಅಂಗಡಿಗೂ ಬರತೊಡಗಿದೆ. ಮೊದಲು ಆ ಕೊಳಗಳಲ್ಲಿದ್ದದ್ದು ಈ ದೇಶದ್ದೇ ಆದ ಟೈಗರ್ ಸೀಗಡಿ. 1990ರ ದಶಕದಲ್ಲಿ ಬಿಳಿಚುಕ್ಕೆ ರೋಗ ಬಡಿದು ಸಾಕಣೆದಾರರು ಸೋತರು. 2009ರಲ್ಲಿ ಸರ್ಕಾರ ವನ್ನಾಮಿ ಎಂಬ ಬಿಳಿ ಸೀಗಡಿಯನ್ನು ತರಿಸಿ ಸಾಕಲು ಅನುಮತಿ ಕೊಟ್ಟಿತು. ಇಂದು ದೇಶದ ಕೊಳಗಳಲ್ಲಿ ಬೆಳೆಯುವ ಸೀಗಡಿಯಲ್ಲಿ ಬಹುಪಾಲು ಅದೇ. ಅದರ ತವರು ಯಾವುದು? ಮೆಕ್ಸಿಕೋದಿಂದ ಪೆರುವಿನವರೆಗಿನ ಪೆಸಿಫಿಕ್ ಕರಾವಳಿ.

ಎಂದರೆ ಅಂಗಡಿಯ ಪೊಟ್ಟಣದಲ್ಲಿರುವ ಸೀಗಡಿ, ಸಂತೆಯ ಮೆಣಸಿನಕಾಯಿ, ಟೊಮೆಟೊ, ಮೂರೂ ಒಂದೇ ಸೀಮೆಯ ನೆಂಟರು. ಹಾಗಾದರೆ ಈ ಅಡುಗೆಯಲ್ಲಿ ಮೆಕ್ಸಿಕೋದ್ದಲ್ಲದ ವಸ್ತು ಯಾವುದು? ಉತ್ತರ ಅಜ್ಜಂಪುರದಲ್ಲಿದೆ.

ಅಜ್ಜಂಪುರದ ಈರುಳ್ಳಿ

ಅಜ್ಜಂಪುರ ಎಂದೊಡನೆ ಅಮೃತಮಹಲ್ ದನಗಳ ನೆನಪಾಗುತ್ತದೆ. ಮೈಸೂರು ಅರಸರ ಬೆಣ್ಣೆಚಾವಡಿಯಿಂದ ಬೆಳೆದು, ಟಿಪ್ಪುವಿನ ಕಾಲದಲ್ಲಿ ಹೆಸರು ಪಡೆದ ಈ ತಳಿಯ ಸಂವರ್ಧನ ಕೇಂದ್ರ ಇಲ್ಲಿದೆ. ಮೊದಲು ತರೀಕೆರೆ ತಾಲ್ಲೂಕಿನ ಹೋಬಳಿಯಾಗಿದ್ದ ಊರು ಈಗ ತಾನೇ ತಾಲ್ಲೂಕು ಕೇಂದ್ರ. ಆದರೆ ಮುಂಗಾರು ಮುಗಿಯುವ ಹೊತ್ತಿಗೆ ಇಲ್ಲಿನ ಹೊಲಗಳಲ್ಲಿ, ರಸ್ತೆ ಬದಿಯಲ್ಲಿ, ಲಾರಿಗಳಲ್ಲಿ ಕಾಣುವುದು ಈರುಳ್ಳಿ.

ಈರುಳ್ಳಿ ಮೆಕ್ಸಿಕೋದ್ದಲ್ಲ. ಅದು ಮಧ್ಯ ಏಷ್ಯಾದ ಬೆಳೆ. ಬೆಳ್ಳುಳ್ಳಿಯೂ ಅದೇ ಕಡೆಯದು. ಕೊತ್ತಂಬರಿಯ ಮೂಲ ಮೆಡಿಟರೇನಿಯನ್ ಸಮುದ್ರದ ಸುತ್ತಲಿನ ನಾಡುಗಳು. ನಿಂಬೆ ಏಷ್ಯಾದ್ದು. ಇವನ್ನೆಲ್ಲ ಹದಿನಾರನೆಯ ಶತಮಾನದಲ್ಲಿ ಸ್ಪೇನಿನವರು ಹಡಗಿನಲ್ಲಿ ಹೇರಿಕೊಂಡು ಹೋಗಿ ಅಮೆರಿಕದ ನೆಲಕ್ಕೆ ಹಾಕಿದರು. ಇಂದು ಕೊತ್ತಂಬರಿ, ನಿಂಬೆ, ಈರುಳ್ಳಿ ಇಲ್ಲದ ಮೆಕ್ಸಿಕೋ ಅಡುಗೆಯನ್ನು ಅಲ್ಲಿಯವರೇ ಒಪ್ಪರು. ಮೆಣಸಿನಕಾಯಿ ಇಲ್ಲದ ಸಾರನ್ನು ಕಡೂರಿನವರು ಒಪ್ಪದ ಹಾಗೆ. ಮೂರು ಬಣ್ಣದ ಆ ಬಾವುಟದ ಅಡುಗೆಯಲ್ಲಿ ಬಿಳಿಯ ಪಾಲು ಈ ಕಡೆಯದು.

ಆದರೆ ಬಾಣಲೆಯಲ್ಲಿ ಎರಡು ನಿಮಿಷಕ್ಕೆ ಬಾಡುವ ಈ ಗಡ್ಡೆಯ ಹಿಂದೆ ನಾಲ್ಕು ತಿಂಗಳ ದುಗುಡವಿದೆ. ಮಳೆ ನಂಬಿ ಬೆಳೆಯುವ ಮುಂಗಾರಿನ ಈರುಳ್ಳಿಯಲ್ಲಿ ನೀರಿನಂಶ ಹೆಚ್ಚು. ಬಹಳ ದಿನ ಇಟ್ಟರೆ ಕೊಳೆಯುತ್ತದೆ. ಕೀಳುವ ಹೊತ್ತಿಗೆ ಮಳೆ ಹಿಡಿದರೆ ಹೊಲದಲ್ಲೇ ಹೋಯಿತು. ಮಳೆ ಬಿಟ್ಟರೆ ಎಲ್ಲರ ಲಾರಿಯೂ ಒಂದೇ ವಾರದಲ್ಲಿ ಬೆಂಗಳೂರಿನ ಯಶವಂತಪುರದ ಮಾರುಕಟ್ಟೆಗೆ ಹೊರಟು ಬೆಲೆ ಕುಸಿಯುತ್ತದೆ. ಒಂದು ವರ್ಷ ಸಾಲ ತೀರಿಸಿದ ಬೆಳೆ ಮರುವರ್ಷ ಕೀಳುವ ಕೂಲಿಯನ್ನೂ ಹುಟ್ಟಿಸುವುದಿಲ್ಲ.

ನೀರಿನ ಕಥೆಯೂ ಹಾಗೆಯೇ. ತರೀಕೆರೆಯ ಕಡೆಯಿಂದ ಪಂಪುಗಳಲ್ಲಿ ಎತ್ತಿದ ಭದ್ರೆಯ ನೀರು ಅಜ್ಜಂಪುರದ ಬಳಿ ಸುಮಾರು ಏಳು ಕಿಲೋಮೀಟರ್ ಉದ್ದದ ಸುರಂಗದಲ್ಲಿ ಹರಿಯುತ್ತದೆ. 2019ರಲ್ಲಿ ಆ ನೀರನ್ನು ಹಿರಿಯೂರಿನ ವಾಣಿವಿಲಾಸ ಸಾಗರಕ್ಕೆ ಹರಿಸಲಾಯಿತು. 1933ರಲ್ಲಿ ಕೋಡಿ ಬಿದ್ದಿದ್ದ ಆ ಹಳೆಯ ಜಲಾಶಯ, ಮಳೆಯೂ ಕೂಡಿಬಂದು, 2022ರಲ್ಲಿ ಮತ್ತೆ ಕೋಡಿ ಬಿತ್ತು. ನೆಲದಡಿಯ ಈ ಹೊಳೆ ತಮ್ಮ ಕೆರೆಗಳಿಗೂ ಬಂದೀತೇ ಎಂದು ಮೇಲೆ ಈರುಳ್ಳಿ ಬೆಳೆಯುವವರು ಕೇಳುತ್ತಾರೆ. ಆ ಪ್ರಶ್ನೆಯಲ್ಲಿ ಅಸೂಯೆಯಿಲ್ಲ, ಅನುಭವವಿದೆ.

ಹೀಗೆ ಮಾಡಿ

ಅರ್ಧ ಕಿಲೋ ಸುಲಿದ ಸೀಗಡಿ, ಒಂದು ದೊಡ್ಡ ಈರುಳ್ಳಿ, ಮೂರು ಗಟ್ಟಿ ಟೊಮೆಟೊ, ಮೂರು ನಾಲ್ಕು ಹಸಿಮೆಣಸಿನಕಾಯಿ, ನಾಲ್ಕು ಎಸಳು ಬೆಳ್ಳುಳ್ಳಿ, ಒಂದು ನಿಂಬೆಹಣ್ಣು, ಒಂದು ಹಿಡಿ ಕೊತ್ತಂಬರಿ ಸೊಪ್ಪು, ಎರಡು ದೊಡ್ಡ ಚಮಚ ಎಣ್ಣೆ, ರುಚಿಗೆ ಉಪ್ಪು. ಮಸಾಲೆ ಬೇಡ.

ಸೀಗಡಿಯ ಬೆನ್ನು ಸೀಳಿ ಕಪ್ಪು ನರ ತೆಗೆದು, ತೊಳೆದು, ಬಟ್ಟೆಯಲ್ಲಿ ಒತ್ತಿ ನೀರು ಆರಿಸಿ. ನೀರಿದ್ದರೆ ಅದು ಹುರಿಯುವುದಿಲ್ಲ, ಬೇಯುತ್ತದೆ. ಉಪ್ಪು ಸವರಿ, ಚೆನ್ನಾಗಿ ಕಾದ ಎಣ್ಣೆಯಲ್ಲಿ ಒಂದೊಂದು ಮಗ್ಗುಲು ಒಂದು ನಿಮಿಷ ಬಾಡಿಸಿ ತೆಗೆದಿಡಿ. ಅದೇ ಎಣ್ಣೆಗೆ ಹೆಚ್ಚಿದ ಈರುಳ್ಳಿ, ಬೆಳ್ಳುಳ್ಳಿ, ಮೆಣಸಿನಕಾಯಿ ಹಾಕಿ ಎರಡು ನಿಮಿಷ ಕೈಯಾಡಿಸಿ. ಟೊಮೆಟೊ ಸೇರಿಸಿ, ರಸ ಬಿಟ್ಟು ಕೊಂಚ ಗಟ್ಟಿಯಾಗುವವರೆಗೆ ನಾಲ್ಕೈದು ನಿಮಿಷ ಬೇಯಿಸಿ. ಸೀಗಡಿಯನ್ನು ಮರಳಿ ಹಾಕಿ ಒಂದು ನಿಮಿಷ ಬಿಟ್ಟು ಇಳಿಸಿ. ಮೇಲೆ ಕೊತ್ತಂಬರಿ ಉದುರಿಸಿ, ನಿಂಬೆರಸ ಹಿಂಡಿ.

ಸೀಗಡಿ ಕುಡುಗೋಲಿನ ಹಾಗೆ ಬಾಗಿದರೆ ಹದ ಸರಿ. ಬಳೆಯ ಹಾಗೆ ಸುತ್ತಿಕೊಂಡರೆ ಬೆಂದದ್ದು ಹೆಚ್ಚಾಯಿತು, ರಬ್ಬರಿನಂತಾಗುತ್ತದೆ. ಅವಸರದ ಅಡುಗೆ ಎಂಬ ಹೆಸರು ಇದಕ್ಕೆ ಬಂದದ್ದು ಮಾಡುವವರ ಅವಸರದಿಂದಲ್ಲ, ಸೀಗಡಿಯ ಸ್ವಭಾವದಿಂದ. ಖಾರಕ್ಕಿಂತ ಬಣ್ಣ ಬೇಕೆನಿಸಿದರೆ ನೆನೆಸಿ ಅರೆದ ಎರಡು ಬ್ಯಾಡಗಿ ಮೆಣಸಿನಕಾಯಿ ಟೊಮೆಟೊ ಜೊತೆ ಸೇರಬಹುದು. ಮೆಕ್ಸಿಕೋದವರು ಇದನ್ನು ಸುಣ್ಣದ ನೀರಿನಲ್ಲಿ ಬೇಯಿಸಿ ಅರೆದ ಮುಸುಕಿನ ಜೋಳದ ರೊಟ್ಟಿಯ ಜೊತೆ ತಿನ್ನುತ್ತಾರೆ. ಇಲ್ಲಿ ಮುಸುಕಿನ ಜೋಳ ಹೆಚ್ಚಾಗಿ ಕೋಳಿ ಸಾಕಣೆಗೆ ಹೋಗುತ್ತದೆ, ಸುಣ್ಣ ಎಲೆ ಅಡಿಕೆಗೆ. ಬಿಸಿ ಅಕ್ಕಿರೊಟ್ಟಿಯಾದರೂ ಆದೀತು, ರಾಗಿರೊಟ್ಟಿಯಾದರೆ ಇನ್ನೂ ಸೊಗಸು.

ತಟ್ಟೆ ಖಾಲಿಯಾಗಲು ಹದಿನೈದು ನಿಮಿಷವೂ ಬೇಕಿಲ್ಲ. ಅದರ ಸಾಮಾನು ಒಂದೆಡೆ ಸೇರಲು ಐದು ನೂರು ವರ್ಷ ಹಿಡಿಯಿತು. ಮುಂದಿನ ಸಲ ಸಂತೆಯಲ್ಲಿ ಅಜ್ಜಂಪುರದ ಈರುಳ್ಳಿಗೆ ಚೌಕಾಸಿ ಮಾಡುವಾಗ ಇಷ್ಟು ನೆನಪಿದ್ದರೆ ಸಾಕು.