ಮೂರೂವರೆಗೆ ಬಿದ್ದ ಮೂರುಸಂಜೆ

ಮಳೆಗಾಲದಲ್ಲಿ ನಮ್ಮ ಕಡೆ ಹೊತ್ತು ಗೊತ್ತಾಗುವುದಿಲ್ಲ. ಜೂನ್ ತಿಂಗಳ ಮಧ್ಯಾಹ್ನ, ಉಂಡ ಬಾಳೆಲೆ ಇನ್ನೂ ಬಾಡಿರುವುದಿಲ್ಲ, ಧಾರೇಶ್ವರದ ಕಡಲ ಮೇಲಿಂದ ಮೋಡ ಎದ್ದು ಬರುತ್ತದೆ. ಕೇರಿಯ ಕೋಳಿಗಳು ಗೂಡು ಸೇರುತ್ತವೆ. ಬೆಟ್ಟಕ್ಕೆ ಬಿಟ್ಟ ದನಗಳು ಬಂದು ಕೊಟ್ಟಿಗೆಯ ಬಾಗಿಲಲ್ಲಿ ನಿಂತು ಕೂಗುತ್ತವೆ. ಆಯಿ ದೇವರ ದೀಪಕ್ಕೆ ಬತ್ತಿ ಹೊಸೆಯಲು ಕುಳಿತವಳು ಗೋಡೆಯ ಗಡಿಯಾರ ನೋಡಿ, “ಇನ್ನೂ ನಾಲ್ಕು ಗಂಟೆ ಆಜಿಲ್ಲೆ” ಎಂದು ಬತ್ತಿಯನ್ನು ಕೆಳಗಿಡುತ್ತಿದ್ದಳು. ಅರ್ಧ ತಾಸು ಕಳೆದರೆ ಮೋಡ ಹರಿದು ಬಿಸಿಲು ಬೀಳುತ್ತಿತ್ತು. ಕೋಳಿಗಳು ಮತ್ತೆ ಅಂಗಳಕ್ಕೆ ಇಳಿಯುತ್ತಿದ್ದವು.

ಗೋಕರ್ಣದ ಕಥೆ ಈ ದಂಡೆಯಲ್ಲೇ ಹುಟ್ಟಬೇಕಿತ್ತು ಎಂದು ನನಗೆ ಅನ್ನಿಸಿದ್ದು ಇಂಥ ಮಧ್ಯಾಹ್ನಗಳಲ್ಲಿ. ಕಥೆ ಎಲ್ಲರಿಗೂ ಗೊತ್ತು. ರಾವಣ ಕೈಲಾಸದಿಂದ ಆತ್ಮಲಿಂಗ ಹೊತ್ತು ಲಂಕೆಗೆ ಹೊರಟಿದ್ದಾನೆ. ದಾರಿಯಲ್ಲಿ ನೆಲಕ್ಕೆ ಇಟ್ಟರೆ ಮತ್ತೆ ಏಳುವುದಿಲ್ಲ. ದೇವತೆಗಳಿಗೆ ದಿಗಿಲು. ಆಗ ವಿಷ್ಣು ಸುದರ್ಶನ ಚಕ್ರವನ್ನು ಸೂರ್ಯನಿಗೆ ಅಡ್ಡ ಹಿಡಿಯುತ್ತಾನೆ. ಹಗಲಿಗೇ ಸಂಜೆ ಕವಿಯುತ್ತದೆ. ಸಂಧ್ಯಾವಂದನೆ ತಪ್ಪಿಸದ ರಾವಣ ಲಿಂಗವನ್ನು ದನ ಕಾಯುವ ಮಾಣಿಯ ಕೈಗೆ ಕೊಟ್ಟು ಕಡಲಿಗೆ ಇಳಿಯುತ್ತಾನೆ. ಮಾಣಿ ಗಣಪತಿ. ಮೂರು ಸಲ ಕರೆಯುತ್ತೇನೆ, ಬರದಿದ್ದರೆ ಕೆಳಗಿಡುತ್ತೇನೆ ಎಂದವನು ಒಂದರ ಬೆನ್ನಿಗೆ ಒಂದು ಕರೆದು ಇಟ್ಟೇಬಿಡುತ್ತಾನೆ.

ಕಾಲದ ಜೊತೆ ಆಟವಾಡುವ ಯಂತ್ರ ಎಂದರೆ ಓದಿದವರಿಗೆ ನೆನಪಾಗುವುದು ಎಚ್.ಜಿ. ವೆಲ್ಸ್ 1895ರಲ್ಲಿ ಬರೆದ ಕಾದಂಬರಿ. ಅಲ್ಲಿ ಮನುಷ್ಯ ಯಂತ್ರದ ಮೇಲೆ ಕುಳಿತು ಸನ್ನೆ ಒತ್ತುತ್ತಾನೆ, ಲಕ್ಷಾಂತರ ವರ್ಷ ದಾಟಿ ಹೋಗುತ್ತಾನೆ. ನಮ್ಮ ಕಥೆಯ ಸಾಧನ ಯಾರನ್ನೂ ಎಲ್ಲಿಗೂ ಒಯ್ಯುವುದಿಲ್ಲ. ಇದ್ದವರು ಇದ್ದಲ್ಲೇ ಇರುತ್ತಾರೆ, ಹೊತ್ತಿಗೆ ಸಾಕ್ಷಿಯಾದವನ ಮುಖಕ್ಕೆ ಮಾತ್ರ ತೆರೆ ಬೀಳುತ್ತದೆ. ಗಡಿಯಾರವಿಲ್ಲದ ಲೋಕದಲ್ಲಿ ಅಷ್ಟು ಸಾಕು. ಕುರುಕ್ಷೇತ್ರದಲ್ಲಿ ಹೊತ್ತು ಮುಳುಗುವವರೆಗೆ ಜೀವ ಉಳಿಸಿಕೊಳ್ಳಲು ಅಡಗಿದ್ದ ಸೈಂಧವ ಹೊರಗೆ ಬಂದದ್ದೂ ಇದೇ ಚಕ್ರ ತಂದ ಸುಳ್ಳು ಸಂಜೆಯಿಂದ. ಅವನು ಬದುಕುವ ಆಸೆಗೆ ಆಕಾಶ ನೋಡಿದ. ರಾವಣ ನೋಡಿದ್ದು ಅರ್ಘ್ಯ ಬಿಡುವುದಕ್ಕೆ. ಅದಕ್ಕೇ ನನಗೆ ಸೈಂಧವನ ಮೇಲೆ ಬಾರದ ಮರುಕ ರಾವಣನ ಮೇಲೆ ಬರುತ್ತದೆ. ನಡೆದ ದಾರಿ, ಕಾಲಿನ ದಣಿವು, ಹೊಟ್ಟೆಯ ಹಸಿವು ಎಲ್ಲವೂ ಇನ್ನೂ ಹೊತ್ತಿದೆ ಎಂದೇ ಹೇಳಿರಬೇಕು. ಅವನು ಅವುಗಳ ಮಾತು ಬಿಟ್ಟು ಸೂರ್ಯನನ್ನು ನಂಬಿದ. ಮೋಸವೂ ಎರಡು ಕಡೆಯಿಂದ ಆಯಿತು: ಸಂಜೆಯನ್ನು ಚಕ್ರ ಬೇಗ ತಂದಿತು, ಕಾಯುವ ಹೊತ್ತನ್ನು ಮಾಣಿಯ ಮೂರು ಕೂಗು ಗಿಡ್ಡ ಮಾಡಿತು. ನಡುವೆ ಮಂತ್ರ ಮಾತ್ರ ತನ್ನ ಹೊತ್ತಿನಲ್ಲೇ ನಡೆಯಬೇಕು, ಅದನ್ನು ಅವಸರ ಮಾಡುವ ಹಾಗಿಲ್ಲ. ಆ ಸಂದಿಯಲ್ಲಿ ಸಿಕ್ಕಿಬಿದ್ದ.

ಕದ್ದ ಆ ಒಂದು ಸಂಜೆಯಿಂದ ನಾಲ್ಕು ತಾಲೂಕು ತುಂಬ ದೇವಸ್ಥಾನಗಳಾದವು. ಕೀಳಲು ಹೋಗಿ ಸೋತ ರಾವಣ ಲಿಂಗದ ಭರಣಿ, ಮುಚ್ಚಳ, ದಾರ, ಬಟ್ಟೆಗಳನ್ನು ಸಿಟ್ಟಿನಿಂದ ಎಸೆದನಂತೆ. ಅವು ಬಿದ್ದಲ್ಲೆಲ್ಲ ಶಿವ ನೆಲೆಯಾದ: ಕಾರವಾರದ ಕಡೆ ಸಜ್ಜೇಶ್ವರ, ಕುಮಟಾದ ಬಳಿ ಧಾರೇಶ್ವರ, ಶರಾವತಿ ದಾಟಿದರೆ ಹೊನ್ನಾವರ ತಾಲೂಕಿನ ಗುಣವಂತೇಶ್ವರ, ಭಟ್ಕಳ ತಾಲೂಕಿನ ಮುರುಡೇಶ್ವರ. ಗುಣವಂತೆಯಿಂದ ಒಳಗೆ ಹೋದರೆ ಇಡಗುಂಜಿ. ಅಲ್ಲಿ ಎರಡೇ ಕೈಯ ಗಣಪತಿ ನಿಂತಿದ್ದಾನೆ, ಇನ್ನೂ ಮಾಣಿಯ ಹಾಗೆ. ಗೋಕರ್ಣದವನೂ ಎರಡು ಕೈಯವನೇ, ಅವನ ತಲೆಯ ಮೇಲೆ ರಾವಣ ಗುದ್ದಿದ ಗುರುತು ತೋರಿಸುತ್ತಾರೆ. ಇಡಗುಂಜಿಯ ಈ ಮಾಣಿಯ ಹೆಸರಿಟ್ಟುಕೊಂಡೇ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಯಕ್ಷಗಾನ ಮಂಡಳಿ ಕಟ್ಟಿದರು. ಒಂದು ರಾತ್ರಿಯಲ್ಲಿ ಯುಗಗಳನ್ನು ದಾಟಿಸುವ ಕಲೆಗೆ ಆ ಹೆಸರು ಒಪ್ಪುತ್ತದೆ.

ಮುರುಡೇಶ್ವರದಲ್ಲಿ 123 ಅಡಿಯ ಶಿವನನ್ನೂ 237 ಅಡಿಯ ರಾಜಗೋಪುರವನ್ನೂ ನೋಡಲು ಜನ ದೂರದೂರದಿಂದ ಬರುತ್ತಾರೆ. ರಾವಣ ಮಾಣಿಯ ಕೈಗೆ ಲಿಂಗ ಕೊಡುವ ಶಿಲ್ಪದ ಮುಂದೆ ಮಕ್ಕಳನ್ನು ನಿಲ್ಲಿಸಿ ಫೋಟೊ ತೆಗೆಯುತ್ತಾರೆ. ಅಲ್ಲಿ ನಿಂತಾಗಲೆಲ್ಲ ನಾನು ತಲೆ ಎತ್ತಿ ಆಕಾಶ ನೋಡುತ್ತೇನೆ. ಕಥೆಯ ನಿಜವಾದ ಘಟನೆ ನಡೆದದ್ದು ಅಲ್ಲಿ.

ಆ ಘಟನೆ ನನ್ನ ಕಾಲದಲ್ಲೇ ಒಮ್ಮೆ ನಡೆಯಿತು. 1980ರ ಫೆಬ್ರುವರಿ 16, ಶನಿವಾರ, ಶಿವರಾತ್ರಿಯ ಬೆನ್ನಿಗೆ ಬಂದ ಅಮಾವಾಸ್ಯೆ. ಸಮುದ್ರ ದಾಟಿ ಬಂದ ಪೂರ್ಣ ಸೂರ್ಯಗ್ರಹಣದ ನೆರಳು ಕಾರವಾರ, ಅಂಕೋಲಾ ದಂಡೆಯಲ್ಲಿ ನೆಲ ಹತ್ತಿ, ಗದಗ, ರಾಯಚೂರಿನ ಮೇಲೆ ಹಾದು ಪೂರ್ವಕ್ಕೆ ಹೋಯಿತು. ಗೋಕರ್ಣ, ಕುಮಟಾ ಎರಡೂ ಆ ನೆರಳಿನ ಒಳಗಿದ್ದವು. ಮೂರೂವರೆ ದಾಟಿದ ಮೇಲೆ ಎರಡು ನಿಮಿಷಕ್ಕೂ ಸ್ವಲ್ಪ ಹೆಚ್ಚು ಹೊತ್ತು ಹಗಲು ಇರಲಿಲ್ಲ.

ನಾನು ಆಗ ಮೂರನೇ ಇಯತ್ತೆ. ಮನೆಯ ಕಿಟಕಿ ಬಾಗಿಲುಗಳನ್ನೆಲ್ಲ ಹಾಕಿದ್ದರು. ನೀರಿನ ಹಂಡೆಯಲ್ಲಿ ದರ್ಭೆ ಬಿದ್ದಿತ್ತು. “ಹೊರಗೆ ಹೋಗಡ” ಎಂದು ಅಜ್ಜಿ ನನ್ನ ಕೈ ಹಿಡಿದೇ ಕುಳಿತಿದ್ದಳು. ಹೊಸ್ತಿಲು ಮತ್ತು ಕದದ ನಡುವೆ ಬೆಳಕಿನ ಒಂದು ಗೆರೆ ಇತ್ತು, ಅದನ್ನೇ ನೋಡುತ್ತಿದ್ದೆ. ಗೆರೆ ಹಳದಿಯಾಗಿ, ಬೂದಿಯಾಗಿ, ಕೊನೆಗೆ ಇಲ್ಲವಾಯಿತು. ಕಾಗೆಗಳು ಒಟ್ಟಿಗೇ ಕೂಗಿ ಒಟ್ಟಿಗೇ ಸುಮ್ಮನಾದವು. ಕೊಟ್ಟಿಗೆಯಲ್ಲಿ ಎಮ್ಮೆ ಒಮ್ಮೆ ಉಸಿರು ಬಿಟ್ಟದ್ದು ಕೇಳಿತು. ಆಮೇಲೆ ಗೆರೆ ತಟ್ಟನೆ ಬಂತು. ಅಜ್ಜಿ ಕೈ ಬಿಟ್ಟಳು.

ನಾನು ನೋಡಿದ್ದು ಅಷ್ಟೇ. ಅಜ್ಜಿಯ ಮೇಲೆ ಸಿಟ್ಟಿಲ್ಲ, ಅವಳ ಹೆದರಿಕೆ ಪ್ರೀತಿಯಿಂದ ಬಂದದ್ದು. ಆದರೆ ನೋಡಲಾಗದ ನೋವು ಹೋಗಿಲ್ಲ. ರಾವಣ ಹೊರಗೆ ನಿಂತು ಕಣ್ಣಾರೆ ನೋಡಿದ ಸಂಜೆ ನಮ್ಮ ಅಂಗಳಕ್ಕೇ ಇಳಿದಿತ್ತು, ನಾವು ಕದ ಹಾಕಿಕೊಂಡಿದ್ದೆವು.

ಆ ದಿನ ಹೊರಗೆ ಇದ್ದವರು ಕೆಲವರಾದರೂ ಇದ್ದಿರಬೇಕು: ಕಡಲಿಗೆ ಹೋಗಿ ಸಮಯಕ್ಕೆ ಮರಳದವರು, ದನ ಹುಡುಕಲು ಬೆಟ್ಟ ಹತ್ತಿದವರು, ಮಾತು ಕೇಳದ ಮಕ್ಕಳು. ಕುಮಟಾ, ಹೊನ್ನಾವರ, ಭಟ್ಕಳದ ಮನೆಗಳಲ್ಲಿ ಅಂಥವರು ಈಗಲೂ ಸಿಕ್ಕಾರು, ಆಗ ಹತ್ತು ವರ್ಷದವರಾಗಿದ್ದವರಿಗೆ ಐವತ್ತು ದಾಟಿದೆ. ಕಡಲ ಬಣ್ಣ ಹೇಗಿತ್ತು, ಹಕ್ಕಿಗಳು ಎತ್ತ ಹೋದವು, ಚುಕ್ಕಿ ಕಂಡಿತೇ ಎಂದು ಕೇಳಿ. ಹೇಳಿದ್ದನ್ನು ಬರೆದಿಡಿ. 1980ರ ನಂತರ ಅಂಥ ಪೂರ್ಣ ನೆರಳು ಈ ದಂಡೆಯ ಮೇಲೆ ಮತ್ತೆ ಬಿದ್ದಿಲ್ಲ.